ಬಾಲ ಇಲ್ಲದ ಮಟನ್

ಲಿಂಗಸುಗೂರಿನಲ್ಲಿ ಅನಿಲಕುಮಾರ ಮಟನ್ ಅಂಗಡಿ ತೆರೆದಾಗ ಜನ ನಕ್ಕರು. ಅದೇ ಮಳಿಗೆಯಲ್ಲಿ ಅವನ ಅಪ್ಪ ಸಾಯುವವರೆಗೂ ಬೆಲ್ಲ, ಬೇಳೆ ಮಾರಿದ್ದ. ಲಿಂಗಪೂಜೆ ಆಗದೆ ಬಾಯಿಗೆ ನೀರು ಹಾಕದ ಮನೆ ಅದು. ಓಣಿಯ ಕಾಗೆ ಮೊಟ್ಟೆಯ ಸಿಪ್ಪೆ ತಂದು ಅಂಗಳದಲ್ಲಿ ಕೆಡವಿದರೆ ಅವನ ತಾಯಿ ಶೇಖರಮ್ಮ ಸೆಗಣಿಯಿಂದ ಸಾರಿಸುತ್ತಿದ್ದಳು.

ಆದರೆ ಅಂಗಡಿಗೆ ಶೇಖರಮ್ಮ ಅಡ್ಡ ಬರಲಿಲ್ಲ.

"ನಿಮ್ಮ ಮುತ್ಯಾ ತಂಬಾಕ ಮಾರಿದ. ಒಂದಿನ ಬಾಯಾಗ ಇಟಗೊಳ್ಳಿಲ್ಲ," ಎಂದಳು. "ಮಾರೋದು ಬ್ಯಾರೆ, ತಿನ್ನೋದು ಬ್ಯಾರೆ. ನೀ ಮಾರು. ಆ ಅಂಗಿ ಮಾತ್ರ ಒಳಗ ತರಬ್ಯಾಡ."

ಅನಿಲಕುಮಾರ ದಿನಾ ಸಂಜೆ ಹಿತ್ತಲ ಬಚ್ಚಲಿನಲ್ಲಿ ಮೈ ತೊಳೆದು, ಅಂಗಿ ಬದಲಿಸಿ ಒಳಗೆ ಬರುತ್ತಿದ್ದ.

ಅವನ ಲೆಕ್ಕ ತಪ್ಪೇನೂ ಇರಲಿಲ್ಲ. ದೇಶದಲ್ಲಿ ಆಡಿನ ಮಾಂಸದ ಬೆಲೆ ವರ್ಷವರ್ಷ ಏರುತ್ತಿತ್ತು. ಮಸ್ಕಿಯ ಸಂತೆಗೆ ಬರುವ ಒಳ್ಳೆಯ ಹೋತಗಳನ್ನೆಲ್ಲ ಹೈದರಾಬಾದಿನ ಲಾರಿಗಳು ತುಂಬಿಕೊಂಡು ಹೋಗುತ್ತಿದ್ದವು. ಅಲ್ಲಿಂದ ಒಂದು ಪಾಲು ಕೊಲ್ಲಿ ದೇಶಗಳಿಗೆ ಹೋಗುತ್ತದೆ ಎಂದು ದಲಾಲರು ಹೇಳುತ್ತಿದ್ದರು. ಇಲ್ಲಿಯ ಆಡು ಅಲ್ಲಿಗೆ ಹೋದರೆ ಇಲ್ಲಿಯವರು ಏನು ತಿನ್ನಬೇಕು? ಆ ಜಾಗ ತುಂಬಲು ಹೈದರಾಬಾದಿನ ಒಂದು ಕಂಪನಿ ಹೊರದೇಶದಿಂದ ಹಡಗಿನಲ್ಲಿ ಬಂದ ಮಂಜುಗಟ್ಟಿದ ಮಾಂಸವನ್ನು ತಾಲ್ಲೂಕು ಊರುಗಳಿಗೂ ಕಳಿಸಲು ಶುರುಮಾಡಿತ್ತು. ಊರಿನ ಕಟುಕರು ಕಿಲೋಗೆ ಎಂಟುನೂರು ಹೇಳುವಾಗ ಅನಿಲಕುಮಾರನ ಅಂಗಡಿಯಲ್ಲಿ ಐನೂರಾ ಅರವತ್ತು. ಕಂಪನಿಯೇ ದೊಡ್ಡ ಫ್ರೀಜರ್ ಕೊಟ್ಟಿತ್ತು. ಷರತ್ತು ಒಂದೇ: ಮೂರು ತಿಂಗಳಲ್ಲಿ ಇಟ್ಟ ಮಾಲು ಖಾಲಿಯಾಗಬೇಕು. ಆಗದಿದ್ದರೆ ಫ್ರೀಜರ್ ವಾಪಸ್, ಏಜೆನ್ಸಿಯೂ ಇಲ್ಲ.

ಮೂರನೆಯ ತಿಂಗಳು ಬಂದರೂ ಫ್ರೀಜರ್ ಅರ್ಧಕ್ಕಿಂತ ಹೆಚ್ಚು ತುಂಬಿಯೇ ಇತ್ತು. ಹೈವೇ ಪಕ್ಕದ ಒಂದೆರಡು ಧಾಬಾಗಳು ಬಿಟ್ಟರೆ ಗಿರಾಕಿ ಇಲ್ಲ. ಮನೆಗೆ ಒಯ್ಯುವವರು ಬರುತ್ತಿದ್ದರು, ಗಾಜಿನ ಮುಚ್ಚಳದೊಳಗೆ ನೋಡುತ್ತಿದ್ದರು, ರೇಟು ಕೇಳುತ್ತಿದ್ದರು, ಹೋಗುತ್ತಿದ್ದರು. ಯಾಕೆ ಎಂದು ಅವನಿಗೆ ತಿಳಿಯಲಿಲ್ಲ. ಅವನು ತಿನ್ನದವನು ಎಂದು ಎಲ್ಲರಿಗೂ ಗೊತ್ತಿದ್ದರಿಂದ ಯಾರೂ ಹೇಳಲೂ ಇಲ್ಲ.

ಹೇಳಿದವನು ಜವಳಗೇರಾದ ರಾಮಣ್ಣ. ಕಾಲುವೆ ನೀರಿನಲ್ಲಿ ಭತ್ತ ಬೆಳೆಯುವ ರೈತ. ಲಿಂಗಸುಗೂರಿನ ಅಕ್ಕನ ಮನೆಗೆ ಬಂದವನು ಮೊಬೈಲಿನಲ್ಲಿ ಅಂಗಡಿಯ ಜಾಹೀರಾತು ನೋಡಿ ಒಳಗೆ ಬಂದಿದ್ದ.

"ಸಾವ್ಕಾರ್ರ, ಐನೂರಾ ಅರವತ್ತು ಖರೇನ?"

"ಖರೇರಿ. ಆಡಿಂದು. ಎಷ್ಟು ಬೇಕ್ರಿ?"

"ಅರವತ್ತು ಕಿಲೋ."

ಅನಿಲಕುಮಾರ ಕುರ್ಚಿಯಿಂದ ಎದ್ದ. ಅರವತ್ತು ಕಿಲೋ ಹೋದರೆ ಫ್ರೀಜರ್ ಉಳಿಯುತ್ತದೆ.

ರಾಮಣ್ಣನ ಮಗಳು ಭಾರತಿಗೆ ಮುಕ್ಕುಂದದ ಗಂಡು ಗೊತ್ತಾಗಿತ್ತು. ಮದುವೆಯ ಮಾರನೆಯ ದಿನ ಗಂಡಿನ ಕಡೆಯವರಿಗೆ ಹೋತದ ಖಂಡದ ಊಟ ಹಾಕಬೇಕು; ಕುರಿ ಹಾಕಿದರೆ ಮರ್ಯಾದೆ ಕಡಿಮೆ. ಬೀಗರ ಊಟ. ರಾಮಣ್ಣ ಫ್ರೀಜರಿನಿಂದ ಒಂದು ತೊಡೆ ಎತ್ತಿ, ಪ್ಲಾಸ್ಟಿಕ್ಕಿನ ಮೇಲಿಂದ ಹಿಂದೆ ಮುಂದೆ ತಿರುಗಿಸಿ ನೋಡಿದ.

"ಬಾಲ ಎಲ್ಲೈತ್ರಿ?"

"ಬಾಲ ಬೇಕೇನ್ರಿ? ಅದರ ಸಾರು ಮಾಡತೀರೇನು?"

ರಾಮಣ್ಣ ಅವನ ಮುಖ ನೋಡಿದ. ಇವನು ತಮಾಷೆ ಮಾಡುತ್ತಿಲ್ಲ ಎಂದು ಖಾತ್ರಿಯಾದ ಮೇಲೆ ನಗು ಬಂತು.

"ಸಾವ್ಕಾರ್ರ, ನೀವು ಖಂಡ ಉಣ್ಣಂಗಿಲ್ಲ, ಹೌದಲ್ಲ?"

"ಇಲ್ರಿ."

"ಅದಕ್ಕ ಮತ್ತ."

ಈ ಸೀಮೆಯ ಕಟುಕರು ಆಡಿನ ಚರ್ಮವನ್ನೆಲ್ಲ ಸುಲಿದರೂ ಬಾಲದ ತುದಿಯನ್ನು ಕೂದಲು ಸಮೇತ ಬಿಡುತ್ತಾರೆ. ಹಿಂಗಾಲು ಮೇಲೆ ಮಾಡಿ ಕೊಕ್ಕೆಗೆ ತೂಗುಹಾಕಿದಾಗ ಗಿರಾಕಿ ಮೊದಲು ನೋಡುವುದು ಅದನ್ನೇ. ಆಡಿನ ಬಾಲ ಮೋಟು. ಕುರಿಯದು ಜೋಲುಬಾಲ. ಸುಲಿದ ಮೇಲೆ ಎರಡೂ ಒಂದೇ ತರಹ ಕಾಣುವುದರಿಂದ, ಕುರಿ ಕಡಿದು ಆಡು ಎಂದು ಹೇಳಿಲ್ಲ ಎಂಬುದಕ್ಕೆ ಬಾಲ ಸಾಕ್ಷಿ. ಮಟನ್ ತರಲು ಹೋಗುವ ಸಣ್ಣ ಮಕ್ಕಳಿಗೂ ಇದು ಗೊತ್ತು. ಮನೆಯಿಂದ ಯಾರೂ ಮಟನ್ ತರಲು ಹೋಗದ ಅನಿಲಕುಮಾರನಿಗೆ ಗೊತ್ತಿರಲಿಲ್ಲ.

"ಕಂಪನಿಯವರು ಸರ್ಟಿಫಿಕೇಟ್ ಕೊಡತಾರ್ರಿ," ಎಂದ.

"ನಮ್ಮ ಬೀಗ ಕಾಗದ ಓದಂಗಿಲ್ಲ, ಬಾಲ ನೋಡತಾನ. ಕುರಿ ಹಾಕಿ ಹೋತ ಅಂದ ಅಂತ ಒಂದು ಮಾತು ಬಂತಂದ್ರ ನನ್ನ ಮಗಳು ಮುದುಕಿ ಆಗೋತನ ಆ ಮನ್ಯಾಗ ಅದನ್ನ ಕೇಳಬೇಕು." ರಾಮಣ್ಣ ತೊಡೆಯನ್ನು ಒಳಗಿಟ್ಟ. ರೇಟು ಮಾತ್ರ ಅವನ ತಲೆಯಿಂದ ಹೋಗಿರಲಿಲ್ಲ. "ಐತವಾರ ಬೀಗ ನಮ್ಮನಿಗೆ ಬರತಾನ. ಏನರ ದಾರಿ ಇದ್ರ ಒಂದೆರಡು ಕಿಲೋ ತಗೊಂಡು ಬರ್ರಿ. ನೋಡೂಣು."

ಕಂಪನಿಗೆ ಫೋನು ಮಾಡಿದರೆ, ಬಾಲ ಹಡಗು ಹತ್ತುವ ಮೊದಲೇ ಹೋಗಿರುತ್ತದೆ ಎಂದರು. ಅನಿಲಕುಮಾರ ಬೈಕ್ ಹತ್ತಿ ಮಸ್ಕಿ ದಾಟಿ ಸಿಂಧನೂರಿಗೆ ಹೋದ. ಅಲ್ಲಿ ಆಸೀಮನ ಮಟನ್ ಅಂಗಡಿ. ಇಬ್ಬರೂ ಕಾಲೇಜಿನಲ್ಲಿ ಒಂದೇ ಬೆಂಚಿನವರು. ಕೊಕ್ಕೆಗಳು ನಾಲ್ಕಿದ್ದರೂ ಒಂದೇ ಆಡು ತೂಗುತ್ತಿತ್ತು.

"ಬಾಲ ಬೇಕಿತ್ತಲೇ," ಎಂದ ಅನಿಲಕುಮಾರ.

ಆಸೀಮ್ ಕತ್ತಿ ಕೆಳಗಿಟ್ಟ. "ಎಷ್ಟು ಬೇಕು ಒಯ್ಯಿ. ಹ್ಯಾಂಗ ಹಚ್ಚತಿ? ಫೆವಿಕಾಲ್ ಹಾಕತೀಯೇನು, ಹೊಲಿಗಿ ಹಾಕತಿ?"

"ನಗಬ್ಯಾಡಲೇ. ಆ ಆರ್ಡರ್ ಹೋತು ಅಂದ್ರ ನನ್ನ ಅಂಗಡಿ ಮುಚ್ಚತೈತಿ."

"ನಂದೇನು ತೆರದೈತೇನು? ಮಸ್ಕಿ ಸಂತ್ಯಾಗ ನಾ ಒಂದು ಹೋತದ ಬೆನ್ನ ಮ್ಯಾಲ ಕೈ ಇಡೂದರಾಗ ಲಾರಿಯವ್ರು ಇಡೀ ಹಿಂಡನ್ನ ಕಾಟಾಕ್ಕ ಹಚ್ಚಿ ತೂಗಿಸಿರತಾರ. ನಮಗ ಮುದುಕ ಆಡು, ಕುಂಟ ಆಡು. ದುಬೈದವ್ರಿಗೆ ನಮ್ಮ ಆಡು, ನಮಗ ಯಾವ ದೇಶದ್ದೋ ಬರ್ಫ. ಚಲೋ ಐತಿ ನಿನ್ನ ವ್ಯಾಪಾರ."

ಚಹಾ ತರಿಸಿದ. ಕುಡಿಯುತ್ತ ಆಸೀಮನೇ ಹೇಳಿದ:

"ಬಾಲಕ್ಕ ಬದಲಿ ಒಂದು ಐತಿ. ನಮ್ಮ ದಾದಾನ ಕಾಲದ್ದು. ಬಾಲ ನಾಯಿ ಒಯ್ತು, ಎಲ್ಲೋ ಹರದು ಬಿತ್ತು ಅಂದ್ರ, ಮಾರಿದಾವ ಗಿರಾಕಿ ಮನಿಗೆ ಹೋಗಿ ಅವ್ರ ಮುಂದ ಕುಂತು ಮೊದಲು ತಾ ಉಣ್ಣಬೇಕು. ಮಾರಿದಾವನ ಉಂಡ ಅಂದ್ರ ಮಾಲು ಖರೇ ಅಂತ. ನೀ ಉಣ್ಣತೀಯೇನು?"

ಅನಿಲಕುಮಾರ ಚಹಾದ ಲೋಟ ಕೆಳಗಿಟ್ಟ.

"ಸುಮ್ನ ಹೇಳಿದೆ ಮಾರಾಯ. ಹಂಗೇನರ ಮಾಡಿಗೀಡಿ," ಎಂದ ಆಸೀಮ್.

ಐತವಾರ ಬೆಳಿಗ್ಗೆ ಅನಿಲಕುಮಾರ ಥರ್ಮಾಕೋಲ್ ಡಬ್ಬಿಯಲ್ಲಿ ಎರಡು ಕಿಲೋ ಕಟ್ಟಿಕೊಂಡು ಹೊರಟ. ಸ್ನಾನ, ಪೂಜೆ ಎಂದಿನಂತೆ ಮಾಡಿದ. ಆದರೆ ಕೊರಳಿನ ಲಿಂಗದ ಕರಡಿಗೆಯನ್ನು ದೇವರ ಮನೆಯ ಗೂಡಿನಲ್ಲಿಯೇ ಬಿಟ್ಟ. ಅಂದರೆ ಮನೆ ಬಿಡುವಾಗಲೇ ತೀರ್ಮಾನ ಆಗಿತ್ತು.

ಜವಳಗೇರಾದಲ್ಲಿ ರಾಮಣ್ಣನ ಹೆಂಡತಿ ಆದಮ್ಮ ಮಾಂಸದ ಗಡ್ಡೆಯನ್ನು ತಾಟಿಗೆ ಹಾಕಿದಳು. ಅದು ಠಣ್ ಎಂದಿತು.

"ಕುದಸೋದಾ ಇದನ್ನ, ಮನಿ ಕಟ್ಟೋದಾ?" ಎಂದಳು.

ಬಿಸಿಲಿಗಿಟ್ಟು, ಕರಗಿಸಿ, ಮಸಾಲೆ ಹಾಕಿ ಬೇಯಿಸುವ ಹೊತ್ತಿಗೆ ಬೀಗ ಹುಲಿಗೆಪ್ಪ ಮುಕ್ಕುಂದದಿಂದ ಬಂದು ಪಡಸಾಲೆಯಲ್ಲಿ ಕುಳಿತಿದ್ದ. ಮಾತು ಕಡಿಮೆ, ಮೀಸೆ ಹೆಚ್ಚು. ರಾಮಣ್ಣ ಅವನಿಗೆ ವಿಷಯ ಹೇಳಿ, ಅಡುಗೆ ಮನೆಯ ಬಾಗಿಲಲ್ಲಿಯೇ ನಿಂತು ಒಂದು ತುಂಡು ಬಾಯಿಗೆ ಹಾಕಿಕೊಂಡ.

"ಹ್ಯಾಂಗೈತಿ?" ಎಂದಳು ಆದಮ್ಮ.

"ಅಡ್ಡಿ ಇಲ್ಲ. ಆಡು ಅಂದ್ರ ಆಡು, ಕುರಿ ಅಂದ್ರ ಕುರಿ. ಬರ್ಫದಾಗ ಇದ್ದು ಇದ್ದು ಅದರ ವಾಸನಿನ ಹೋಗೈತಿ."

"ಹಂಗಾದ್ರ ಕುರಿನ ತಂದು ಕುರಿ ಅಂತನ ಹೇಳ್ರಿ," ಒಳಗಿನಿಂದ ಭಾರತಿ ಅಂದಳು. "ಏನಾಗತೈತಿ?"

"ನೀ ಸುಮ್ಕಿರಬೇ," ಎಂದಳು ಆದಮ್ಮ.

ಹುಲಿಗೆಪ್ಪ ಒಂದೇ ಮಾತು ಕೇಳಿದ. "ಬಾಲ?"

ರಾಮಣ್ಣ ನೆಲ ನೋಡಿದ. ಅನಿಲಕುಮಾರ ಗೋಡೆ ಬಿಟ್ಟು ಮುಂದೆ ಬಂದು ಕುಳಿತ.

"ಬಾಲ ಇಲ್ರಿ. ಮಾರೋನು ನಾನು. ನಿಮ್ಮ ಮುಂದ ನಾ ಮೊದಲು ಉಣ್ಣತೀನಿ."

ಆದಮ್ಮ ಬಾಗಿಲಿಗೆ ಬಂದಳು. "ಬ್ಯಾಡ್ರೀ ಸಾವ್ಕಾರ್ರ. ನಿಮ್ಮದು ಶೀಲದ ಮನಿ. ನಾಳೆ ನಿಮ್ಮ ಅವ್ವಾರು ನಮಗ ಶಾಪ ಹಾಕತಾರ."

"ನೀಡ್ರಿ," ಎಂದ.

ಅವಳು ಸಣ್ಣ ತುಂಡು ಹುಡುಕಿ ನೀಡಿದಳು. ಅವನು ರೊಟ್ಟಿ ಮುರಿದು, ತುಂಡು ಸೇರಿಸಿ ಬಾಯಿಗಿಟ್ಟ. ಅಗಿದ. ಎಷ್ಟು ಅಗಿದ ಮೇಲೆ ನುಂಗಬೇಕೆಂದು ತಿಳಿಯದೆ ಬಹಳ ಹೊತ್ತು ಅಗಿದ. ಮೆಣಸಿನಕಾಯಿ, ಬೆಳ್ಳುಳ್ಳಿ ರುಚಿ ಗೊತ್ತಾಯಿತು. ಉಳಿದದ್ದು ನೆನೆದ ದಾರದಂತಿತ್ತು. ನುಂಗಿದ. ಒಂದಕ್ಕೇ ಬಿಟ್ಟರೆ ಸಂಶಯ ಉಳಿಯುತ್ತದೆ ಎಂದು ಇನ್ನೊಂದು ಕೇಳಿ ಹಾಕಿಸಿಕೊಂಡು ಅದನ್ನೂ ತಿಂದ. ಕಣ್ಣಲ್ಲಿ ನೀರು ಬಂತು. ಖಾರಕ್ಕೆ ಬಂತು.

ಹುಲಿಗೆಪ್ಪ ಕೊನೆಯವರೆಗೂ ನೋಡಿದ.

"ಮೊದಲು ಎಂದರ ಉಂಡಿದ್ರೇನು?"

"ಇಲ್ರಿ. ಇದ ಮೊದಲು."

"ಹಂಗಾದ್ರ ಇದು ಆಡೋ ಕುರಿಯೋ ನಿಮಗ ಹ್ಯಾಂಗ ಗೊತ್ತಾಗಬೇಕ್ರಿ?" ಹುಲಿಗೆಪ್ಪನ ಧ್ವನಿಯಲ್ಲಿ ಸಿಟ್ಟು ಇರಲಿಲ್ಲ. "ಉಣ್ಣೋರು ಉಂಡು ಹೇಳಿದ್ರ ಅದು ಸಾಕ್ಷಿ. ನೀವು ಉಂಡದ್ದು ಬರೇ ಊಟ ಆತು." ರಾಮಣ್ಣನ ಕಡೆ ತಿರುಗಿದ. "ಬೀಗರ, ಕಡಿಮಿ ಹಾಕ್ರಿ, ಬಾಲ ಇದ್ದದ್ದು ಹಾಕ್ರಿ."

ಅಲ್ಲಿಗೆ ಮುಗಿಯಿತು. ಆರ್ಡರ್ ಜವಳಗೇರಾಕ್ಕೆ ಹತ್ತಿರದ ಸಿಂಧನೂರಿಗೆ, ಆಸೀಮನಿಗೆ ಹೋಯಿತು. ಅನಿಲಕುಮಾರ ಹೊರಡುವಾಗ ಆದಮ್ಮ ಖಾಲಿ ಡಬ್ಬಿಯನ್ನು ತೊಳೆದು, ಒರೆಸಿ ಕೊಟ್ಟಳು.

ಮನೆಗೆ ಬಂದಾಗ ಸಂಜೆ. ಬಚ್ಚಲಿಗೆ ಹೋದ, ಅಂಗಿ ಬದಲಿಸಿದ. ಹೊಸ್ತಿಲಿನಲ್ಲಿ ಶೇಖರಮ್ಮ ಕುಳಿತಿದ್ದಳು. ಮಡಿಲಲ್ಲಿ ಅವನ ಕರಡಿಗೆ.

"ಇದನ್ನ ಬಿಟ್ಟು ಹೋಗಿದ್ದಿ."

"ಹೂಂ."

"ಉಂಡಿ?"

"ಎರಡು ತುಂಡು."

ಶೇಖರಮ್ಮ ಕರಡಿಗೆಯನ್ನು ಸೆರಗಿನಲ್ಲಿ ಸುತ್ತಿಕೊಂಡಳು. "ಆರ್ಡರ್ ಕೊಟ್ರ?"

"ಇಲ್ಲ."

"ಇಲ್ಲ?" ಆಗ ಅವಳಿಗೆ ಸಿಟ್ಟು ಬಂತು. "ರೊಕ್ಕ ಕೈಯಾಗ ಬರೂದಕ್ಕ ಮೊದಲು ಮಾಲು ಬಿಟ್ಟು ಕೊಡತಾರೇನಲೇ? ಹೆಂತಾ ವ್ಯಾಪಾರಸ್ಥನ ಮಗ ನೀ? ಉಣ್ಣತೀನಿ, ಮೊದಲು ಆರ್ಡರ್ ಪಕ್ಕಾ ಮಾಡ್ರಿ ಅನ್ನಬೇಕಿಲ್ಲ?"

ಅವಳು ಕರಡಿಗೆಯನ್ನು ಅವನ ಕೈಗೆ ಕೊಡಲಿಲ್ಲ. ಸೋಮವಾರ ಮಠದ ಅಯ್ಯನವರು ಬಂದು ವಿಭೂತಿ ಹಚ್ಚಿ, ಪಾದೋದಕ ಕೊಟ್ಟು ಮತ್ತೆ ಕಟ್ಟಿದರು. ಏನಾಯಿತೆಂದು ಅವರು ಕೇಳಲಿಲ್ಲ, ಶೇಖರಮ್ಮ ಹೇಳಲಿಲ್ಲ. ಐದು ತೆಂಗಿನಕಾಯಿ, ಒಂದು ಧೋತರ ಒಯ್ದರು.

ತಿಂಗಳು ಮುಗಿದ ಮೇಲೆ ಕಂಪನಿಯ ಗಾಡಿ ಬಂದು ಫ್ರೀಜರ್ ಹೇರಿಕೊಂಡು ಹೋಯಿತು. ಅದು ಇದ್ದ ಜಾಗದಲ್ಲಿ ಶೇಖರಮ್ಮ ನಿಂತು ನೆಲ ತೊಳೆಸಿದಳು. ಅಲ್ಲಿ ಈಗ ಆಡಿಗೆ ಹಾಕುವ ಹಿಂಡಿ, ಜೋಳದ ನುಚ್ಚು, ಖನಿಜದ ಪುಡಿಯ ಚೀಲಗಳಿವೆ. ಲಾರಿಯವರು ಕಾಟಾ ಹಚ್ಚಿ, ತೂಕದ ಮೇಲೆ ಕೊಳ್ಳುವುದರಿಂದ ಸಂತೆಗೆ ಹೊಡೆಯುವ ಮೊದಲು ಹೋತಗಳನ್ನು ಮೇಯಿಸಿ ತೂಕ ಏರಿಸುವವರು ಹೆಚ್ಚಾಗಿದ್ದಾರೆ. ಮಸ್ಕಿಯ ಕಡೆಯಿಂದಲೂ ಗಿರಾಕಿ ಬರುತ್ತಾರೆ.

ರಾಮಣ್ಣನೂ ಬಂದ. ಮಗಳ ಮದುವೆಯಲ್ಲಿ ಹೋತದ ರೇಟು ನೋಡಿದ ಮೇಲೆ ಅವನೂ ನಾಲ್ಕು ಮರಿ ಕಟ್ಟಿದ್ದ. ಬಿಚ್ಚಿದ ಚೀಲದೊಳಗೆ ಕೈ ಹಾಕಿ, ಹಿಂಡಿಯನ್ನು ಬೆರಳಲ್ಲಿ ತಿಕ್ಕಿ ನೋಡಿದ.

"ಚಲೋ ಐತೇನ್ರಿ ಇದು? ಇದನ್ನೂ ಮೊದಲು ನೀವ ಉಂಡು ತೋರಸ್ತೀರೇನು?"

ಅಂಗಡಿಯಲ್ಲಿದ್ದ ಇಬ್ಬರು ಗಿರಾಕಿಗಳು ನಕ್ಕರು. ಕತೆ ಅಷ್ಟು ದೂರ ಹೋಗಿತ್ತು. ಅನಿಲಕುಮಾರ ಚೀಲದಿಂದ ಒಂದು ಚಿಟಿಕೆ ತೆಗೆದು ಬಾಯಿಗೆ ಹಾಕಿಕೊಂಡ.

"ಎಷ್ಟು ಚೀಲ, ಮೊದಲು ಅದನ್ನ ಹೇಳ್ರಿ," ಎಂದ, ಅಗಿಯುತ್ತ.

"ಎರಡು ಹಾಕ್ರಿ."

ಅವನು ಆಮೇಲೆ ನುಂಗಿದ.