ಎರಡು ಗಂಟೆಯ ಭೋಂಗಾ

ಹುಡುಗಿಯರಿಗೆ ಹೇಳಬೇಕಾಗಿದ್ದದ್ದು ಒಂದೇ ಮಾತು. ಅದಕ್ಕೆ ಅರ್ಧ ನಿಮಿಷವೂ ಬೇಕಾಗಿರಲಿಲ್ಲ. ಮುಂಡಗೋಡದ ಕಾಲೇಜಿನಲ್ಲಿ ಹನ್ನೊಂದು ವರ್ಷದಿಂದ ದೈಹಿಕ ಶಿಕ್ಷಣದ ಮೇಷ್ಟ್ರಾಗಿ ದಿನವೂ ಕೂಗಿ ಕೂಗಿ ಗಂಟಲು ಹರಿದುಕೊಂಡವನು ನಾನು. ಬೇಡದ ಮಾತನ್ನೆಲ್ಲ ಹೇಳಿ, ಬೇಕಾದ ಆ ಒಂದನ್ನು ಮರೆತೆ. ಮರೆತದ್ದನ್ನಾದರೂ ಕ್ಷಮಿಸಿಕೊಳ್ಳಬಹುದಿತ್ತು. ಆಮೇಲೆ ಮಾಡಿದ್ದಿದೆಯಲ್ಲ, ಅದಕ್ಕೆ ನನ್ನ ಹತ್ತಿರ ಯಾವ ಸಬೂಬೂ ಇಲ್ಲ.

ದಸರಾ ರಜೆ ಮುಗಿದ ಕೂಡಲೇ ದಾಂಡೇಲಿಯಲ್ಲಿ ಒಂದು ದಿನದ ಆಹ್ವಾನಿತ ಬಾಸ್ಕೆಟ್‌ಬಾಲ್ ಪಂದ್ಯಾವಳಿ ನಡೆಯುತ್ತದೆ. ಹಳಿಯಾಳ, ಮುಂಡಗೋಡ, ಜೊಯಿಡಾ, ಯಲ್ಲಾಪುರ ಹೀಗೆ ನಾಲ್ಕು ಕಾಲೇಜುಗಳ ಹುಡುಗಿಯರು ಬರುತ್ತಾರೆ. ಹಳಿಯಾಳದವರು ನಮ್ಮಲ್ಲಿಗೆ ಬರಲೊಲ್ಲರು, ನಾವು ಅವರಲ್ಲಿಗೆ ಹೋಗಲೊಲ್ಲೆವು. ಅಂಪೈರು ನಿಮ್ಮವನು, ರಿಂಗು ಡೊಂಕು ಎಂದು ಪ್ರತಿ ಸಲ ತಕರಾರು. ಅದಕ್ಕೇ ಯಾರ ತಂಡವೂ ಇಲ್ಲದ, ದಾಂಡೇಲಿ ಮಿಲ್ಲಿನವರ ಬಡಾವಣೆಯಾದ ಬಂಗೂರನಗರದ ಅಂಗಳವನ್ನು ಆರಿಸಿದ್ದರು. ಎಲ್ಲರಿಗೂ ಅದು ಪರಸ್ಥಳ. ನನಗೊಬ್ಬನಿಗೆ ಮಾತ್ರ ಹುಟ್ಟಿ ಬೆಳೆದ ಜಾಗ.

ನಮ್ಮಪ್ಪ ಲಗಮಪ್ಪ ಬೈಲಹೊಂಗಲದ ಕಡೆಯಿಂದ ಬಂದು ಕಾಗದದ ಮಿಲ್ಲು ಸೇರಿದವನು. ಮಿಲ್ಲಿನ ಸೈರನ್ನಿಗೆ ನಾವು ಭೋಂಗಾ ಎನ್ನುತ್ತಿದ್ದೆವು. ಬೆಳಿಗ್ಗೆ ಆರಕ್ಕೆ, ಮಧ್ಯಾಹ್ನ ಎರಡಕ್ಕೆ, ರಾತ್ರಿ ಹತ್ತಕ್ಕೆ ಅದು ಕೂಗಿದರೆ ಪಾಳಿ ಬದಲು. ಅವ್ವ ಅದನ್ನು ಕೇಳಿಕೊಂಡೇ ಅನ್ನಕ್ಕೆ ಎಸರಿಡುತ್ತಿದ್ದಳು. ನಮ್ಮ ಕ್ವಾರ್ಟರ್ಸಿನ ಹುಡುಗರಿಗೆ ಅದು ಕೇಳಿಸುತ್ತಲೇ ಇರಲಿಲ್ಲ; ಅದರ ಬುಡದಲ್ಲೇ ಮಲಗಿ ಗೊರಕೆ ಹೊಡೆಯುತ್ತಿದ್ದೆವು. ಊರಿಂದ ಬಂದ ಸೋದರಮಾವ ಮೊದಲ ಸಲ ಭೋಂಗಾ ಕೇಳಿ, ಉಣ್ಣುತ್ತಿದ್ದ ತಾಟು ಬಿಟ್ಟು ಅಂಗಳಕ್ಕೆ ಓಡಿದ್ದ. ವರ್ಷಗಟ್ಟಲೆ ಅದನ್ನು ಹೇಳಿಕೊಂಡು ನಕ್ಕಿದ್ದೇವೆ.

ಜ್ಯೋತಿ ಮಳಗಿಯ ಹುಡುಗಿ. ಬಿ.ಎ. ಕೊನೆಯ ವರ್ಷ. ಎತ್ತರವೇನೂ ಇಲ್ಲ, ಆದರೆ ಚೆಂಡು ಕೈಗೆ ಸಿಕ್ಕರೆ ಎಡಗೈಯಲ್ಲಿ ಅದನ್ನು ನೆಲಕ್ಕೆ ಪುಟಿಸುತ್ತ ನಾಲ್ಕು ಮಂದಿಯ ನಡುವಿನಿಂದ ನುಸುಳಿಬಿಡುವವಳು. ಬೆಳಗಿನ ಮೊದಲ ಬಸ್ಸಿಗೆ ಬಂದು ಪ್ರಾಕ್ಟೀಸು ಮಾಡುತ್ತಿದ್ದಳು. ಬಸ್ಸು ತಪ್ಪಿದ ದಿನ ಮಳಗಿಯಲ್ಲೇ, ಗೋವಿನಜೋಳ ಒಣಹಾಕುವ ಸಿಮೆಂಟಿನ ಕಣದಲ್ಲಿ ಚೆಂಡು ಪುಟಿಸುತ್ತಿದ್ದಳಂತೆ. ಮೂರು ವರ್ಷದಲ್ಲಿ ಆಕೆ ನನ್ನನ್ನು ಕೇಳಿಕೊಂಡದ್ದು ಒಂದೇ.

"ಸರ, ಯುನಿವರ್ಸಿಟಿ ಕ್ಯಾಂಪಿಗೆ ನನ್ನ ಹೆಸರ ಬರಬೇಕ್ರಿ. ತಂಡದಾಗ ಆಡಿದ್ರ ಬಿ.ಪಿ.ಇಡಿ. ಸೀಟು ಸಿಗತೈತಿ ಅಂತಾರ. ನಿಮ್ಮಂಗ ಆಟದ ಟೀಚರ್ ಆಗಬೇಕಂತ ಐತ್ರಿ. ಇದ ಕಡೀ ವರ್ಷ."

ಆ ಕ್ಯಾಂಪಿಗೆ ಹೆಸರು ಬರೆದುಕೊಳ್ಳುವ ವಿದ್ಯಾವತಿ ಮೇಡಂ ಧಾರವಾಡದಿಂದ ಬರುವುದು ಈ ದಾಂಡೇಲಿ ಪಂದ್ಯಾವಳಿಗೇ. ನಮ್ಮ ಕಡೆಯ ಹುಡುಗಿಯರನ್ನು ಅವರು ನೋಡುವುದು ವರ್ಷಕ್ಕೆ ಆ ಒಂದೇ ದಿನ.

ಹೋದ ವರ್ಷ ನಾವು ನಸುಕಿನಲ್ಲಿ ಕ್ರೂಸರ್ ಗಾಡಿ ಮಾಡಿಕೊಂಡು ಹೊರಟು, ಒಂಬತ್ತರ ಸೆಮಿಫೈನಲ್ಲಿನಲ್ಲಿ ಜೊಯಿಡಾದವರನ್ನು ಸುಲಭವಾಗಿ ಸೋಲಿಸಿದೆವು. ಜ್ಯೋತಿ ಹದಿನೆಂಟು ಪಾಯಿಂಟು ಹೊಡೆದಳು. ವಿದ್ಯಾವತಿ ಮೇಡಂ ಪುಸ್ತಕದಲ್ಲಿ ಏನೋ ಬರೆದುಕೊಂಡದ್ದನ್ನು ನಾನು ಕಣ್ಣಾರೆ ಕಂಡೆ. ಅದರ ಹಿಂದಿನ ಎರಡು ವರ್ಷ ಬೆಳಗಿನ ಆಟದಲ್ಲೇ ಸೋತು ಮಧ್ಯಾಹ್ನದೊಳಗೇ ಮರಳಿದ್ದೆವು. ಈ ಸಲ ಫೈನಲ್ಲು ಹಳಿಯಾಳದವರ ಮೇಲೆ, ಹನ್ನೆರಡೂ ಮುಕ್ಕಾಲಿಗೆ.

ಪಂದ್ಯಾವಳಿ ನಡೆಸುವವರು ಮಹಾಬಳೇಶ್ವರ ಸರ್. ನನಗೆ ಚೆಂಡು ಹಿಡಿಯುವುದನ್ನು ಕಲಿಸಿದವರೇ ಅವರು. ಅವರ ಅಂಗಳದಲ್ಲಿ ಒಂದು ಪದ್ಧತಿಯಿದೆ. ಆಟದ ನಡುವೆ ಎರಡು ಗಂಟೆ ಹೊಡೆಯುವಂತಿದ್ದರೆ, ಎರಡೂ ತಂಡಗಳ ಕೋಚುಗಳು ತಮ್ಮ ಆಟಗಾರರಿಗೆ ಭೋಂಗಾದ ವಿಷಯ ಹೇಳಲೇಬೇಕು. ಆಟ ಮುಗಿದಾಗ ಕೂಗುವ ಮೇಜಿನ ಮೇಲಿನ ಹೂಟರಿಗೂ ಭೋಂಗಾಕ್ಕೂ ಧ್ವನಿ ಹೆಚ್ಚುಕಡಿಮೆ ಒಂದೇ. ಹಿಂದೊಮ್ಮೆ ಗೋವಾದ ತಂಡವೊಂದು ಭೋಂಗಾ ಕೇಳಿ ಆಟ ಮುಗಿಯಿತೆಂದು ನಿಂತುಬಿಟ್ಟಿತ್ತು. ಅಂದಿನಿಂದ ಈ ನಿಯಮ ಆಹ್ವಾನಪತ್ರದಲ್ಲೇ ಅಚ್ಚಾಗಿರುತ್ತದೆ. ಕೋಚು ಹೇಳಿರದಿದ್ದರೆ ಕಳೆದ ಸೆಕೆಂಡುಗಳನ್ನು ಮತ್ತೆ ಆಡಿಸಬೇಕೆಂದೂ ಅದರಲ್ಲಿದೆ.

ಫೈನಲ್ಲಿಗೆ ಮುಂಚೆ ಸರ್ ನನ್ನ ಹತ್ತಿರ ಬಂದರು.

"ಶಿವಯೋಗಿ, ಹುಡುಗ್ಯಾರಿಗೆ ಭೋಂಗಾದ್ದು ಹೇಳಿಯೇನು?"

"ನನಗ ಕಲಸ್ತೀರೇನ್ರಿ ಸರ? ನಾ ಇದರ ಬುಡಕ ಹುಟ್ಟಿದಾಂವ," ಎಂದೆ. ಸುತ್ತ ನಿಂತಿದ್ದ ನನ್ನ ಹಳೆಯ ಗೆಳೆಯರು ನಕ್ಕರು. ನನಗೂ ಹಿತವಾಯಿತು.

ಆಚೆ ಬದಿಯಲ್ಲಿ ಹಳಿಯಾಳದ ಕೋಚು ಬಸಲಿಂಗಯ್ಯ ತನ್ನ ಹುಡುಗಿಯರನ್ನು ಸಾಲಾಗಿ ನಿಲ್ಲಿಸಿ, ಮಿಲ್ಲಿನ ಚಿಮಣಿಯ ಕಡೆ ಕೈ ಮಾಡಿ ಪಾಠ ಹೇಳುತ್ತಿದ್ದ. ಎಷ್ಟು ಶಿಸ್ತಿನ ಮನುಷ್ಯನಪ್ಪಾ ಎಂದು ನಾನು ಗೇಲಿ ಮಾಡಿದೆ. ನಾನೂ ಹೇಳಬೇಕೆಂದೇ ಇದ್ದೆ. ಅಷ್ಟರಲ್ಲಿ ಹಳೆಯ ಗೆಳೆಯ, ಮಿಲ್ಲಿನ ಗೂಳಪ್ಪ ತಿನ್ನಲು ಗಿರಮಿಟ್ಟು ಕಟ್ಟಿಸಿಕೊಂಡು ಬಂದ, ಹಳೆಯ ಮಾತು ಬಂತು, ಸೀಟಿ ಊದಿದರು, ಆಟ ಶುರುವಾಯಿತು.

ನಡುವಿನ ನಿಲುಗಡೆಗಳೆಲ್ಲ ಸೇರಿ ಒಂದೂಕಾಲು ತಾಸು ಎಳೆದ, ನಲವತ್ತು ನಿಮಿಷದ ಆ ಆಟವನ್ನು ಪೂರ್ತಿ ವಿವರಿಸುವ ಚಪಲ ನನಗಿದೆ, ಆದರೆ ಬೇಡ. ಕೊನೆಗೆ ನಾವು ನಲವತ್ತೊಂದು, ಅವರು ನಲವತ್ತು. ಚೆಂಡು ಜ್ಯೋತಿಯ ಕೈಯಲ್ಲಿ. ಗಡಿಯಾರ ಮೇಜಿನ ಮೇಲೆ, ಆಟಗಾರರಿಗೆ ಕಾಣುವುದಿಲ್ಲ. ನಾನು "ಹದಿನೈದು!" ಎಂದು ಕೂಗಿದೆ. ಚೆಂಡು ಬಿಟ್ಟುಕೊಡದೆ ಅಷ್ಟು ಹೊತ್ತು ಕಳೆದರೆ ಕಪ್ಪು ನಮ್ಮದು. ಆಕೆ ಎಡಗೈಯಲ್ಲಿ ಪುಟಿಸುತ್ತ ಮೂಲೆಗೆ ಸರಿದಳು, ಒಬ್ಬಳನ್ನು ದಾಟಿದಳು, ಇನ್ನೊಬ್ಬಳನ್ನು ದಾಟಿದಳು.

ಆಮೇಲೆ ನಿಂತುಬಿಟ್ಟಳು.

ಚೆಂಡನ್ನು ಮೆಲ್ಲಗೆ ನೆಲದ ಮೇಲಿಟ್ಟು, ಎರಡೂ ಕೈ ಮೇಲೆತ್ತಿ, ನನ್ನ ಕಡೆ ತಿರುಗಿ ನಕ್ಕಳು. ನನಗೆ ತಲೆಬುಡ ತಿಳಿಯಲಿಲ್ಲ. "ಯಾಕ ನಿಂತಿ? ಹುಚ್ಚ ಹಿಡಿದೈತೇನು? ಆಡು!" ಎಂದು ಅರಚಿದೆ. ಹಳಿಯಾಳದ ಹುಡುಗಿಯೊಬ್ಬಳು ಚೆಂಡೆತ್ತಿಕೊಂಡು ಓಡಿ, ತಡೆಯುವವರೇ ಇಲ್ಲದ ರಿಂಗಿಗೆ ಹಾಕಿದಳು. ನಮ್ಮ ಹುಡುಗಿಯರು ಒಬ್ಬರನ್ನೊಬ್ಬರು ಅಪ್ಪಿಕೊಳ್ಳುತ್ತಿದ್ದರು. ಆಮೇಲೆ ಮೇಜಿನ ಹೂಟರು ಕೂಗಿತು.

"ಹೂಟರ್ ಮೊದಲ ಆತಲ್ರಿ ಸರ!" ಎಂದು ಜ್ಯೋತಿ ನನ್ನ ಹತ್ತಿರ ಓಡಿಬಂದಳು. ಆಗ ನನಗೆ ಕೇಳಿಸಿತು. ಮಿಲ್ಲಿನ ಭೋಂಗಾ ಇನ್ನೂ ಎಳೆಯುತ್ತಲೇ ಇತ್ತು, ಕೊನೆಯ ಉಸಿರಿಗೆ ಬಂದು ನಿಧಾನವಾಗಿ ಇಳಿಯುತ್ತಿತ್ತು. ಅಲ್ಲಿಯವರೆಗೆ ನನ್ನ ಕಿವಿಗೆ ಅದು ಬಿದ್ದೇ ಇರಲಿಲ್ಲ.

ಮಹಾಬಳೇಶ್ವರ ಸರ್ ನಮ್ಮಿಬ್ಬರನ್ನೂ ಮೇಜಿನ ಹತ್ತಿರ ಕರೆದರು. ಪಕ್ಕದಲ್ಲೇ ವಿದ್ಯಾವತಿ ಮೇಡಂ ಪುಸ್ತಕ ತೆರೆದುಕೊಂಡು ಕೂತಿದ್ದರು. ಸುತ್ತ ಗೂಳಪ್ಪ, ಮಿಲ್ಲಿನ ಮಂದಿ, ಬಸಲಿಂಗಯ್ಯ.

"ಒಂಬತ್ತು ಸೆಕೆಂಡ್ ಉಳದಿದ್ವು. ನೀ ಹುಡುಗ್ಯಾರಿಗೆ ಹೇಳಿದ್ದಿಲ್ಲಂದ್ರ ಇಗೋ, ಈಗ ಮತ್ತ ಆಡಸ್ತೇನಿ. ಹೇಳಿದ್ದಿಯೋ ಇಲ್ಲೋ?" ಎಂದು ಸರ್ ಕೇಳಿದರು.

ಇಲ್ಲ ಎಂದಿದ್ದರೆ ಮುಗಿಯುತ್ತಿತ್ತು. ಚೆಂಡು ಮತ್ತೆ ಜ್ಯೋತಿಯ ಕೈಗೆ ಬರುತ್ತಿತ್ತು. ಆದರೆ ಆಟಕ್ಕೆ ಮುಂಚೆ ಇದೇ ಮಂದಿಯ ಮುಂದೆ ಮೀಸೆ ತಿರುವಿದ್ದೆನಲ್ಲ! ಭೋಂಗಾದ ಬುಡದಲ್ಲಿ ಹುಟ್ಟಿದವನು ಭೋಂಗಾ ಮರೆತನಂತೆ ಎಂದು ಇಡೀ ಬಂಗೂರನಗರ ನಗುತ್ತದೆ ಎನ್ನಿಸಿತು. ಬಸಲಿಂಗಯ್ಯ ಬೇರೆ ನನ್ನನ್ನೇ ನೋಡುತ್ತಿದ್ದ.

"ಹೇಳಿದ್ದೆರಿ," ಎಂದೆ.

ಸರ್ ಜ್ಯೋತಿಯ ಕಡೆ ತಿರುಗಿದರು. "ಏನವಾ, ಹೇಳ್ಯಾರೇನು ನಿಮ್ಮ ಸರು?"

ಆಕೆ ನನ್ನ ಮುಖ ನೋಡಿದಳು. ಸಿಟ್ಟಿನಿಂದಲ್ಲ. ಆಟದ ನಡುವೆ ಈಗ ಯಾವ ಕಡೆ ಓಡಲಿ ಎಂದು ನೋಡುತ್ತಿದ್ದಳಲ್ಲ, ಹಾಗೆಯೇ. ಆಮೇಲೆ ತಲೆ ತಗ್ಗಿಸಿದಳು.

"ಹೇಳ್ಯಾರ್ರಿ. ನಾನ ಮರ್ತೆ."

ವಿದ್ಯಾವತಿ ಮೇಡಂ ಪುಸ್ತಕದಲ್ಲಿ ಒಂದು ಗೆರೆ ಎಳೆದು ಪೆನ್ನು ಮುಚ್ಚಿದರು. "ಕೈ ಚಲೋ ಐತಿ. ಕಡೀ ಹೊತ್ತಿನ್ಯಾಗ ತಲಿ ನಿಲ್ಲೂದಿಲ್ಲ," ಎಂದು ಪಕ್ಕದವರಿಗೆ ಅಂದದ್ದು ನಮ್ಮಿಬ್ಬರಿಗೂ ಕೇಳಿಸಿತು.

ಮರಳುವಾಗ ಯಲ್ಲಾಪುರದಲ್ಲಿ ಚಹಾಕ್ಕೆ ನಿಲ್ಲಿಸಿದೆ. ಉಳಿದ ಹುಡುಗಿಯರು ನನ್ನ ಮುಖ ನೋಡದೆ ಲೋಟ ಹಿಡಿದರು. ನಾನು ಹೇಳಿರಲಿಲ್ಲವೆಂಬುದು ಅವರಿಗೂ ಗೊತ್ತಿತ್ತು. ಜ್ಯೋತಿ ಗಾಡಿ ಇಳಿಯಲೇ ಇಲ್ಲ. ನಾನು ಕಿಟಕಿಯ ಹತ್ತಿರ ಹೋಗಿ, "ಸೋಲು ಗೆಲುವು ಇದ್ದದ್ದ. ಚಹಾ ಕುಡಿ," ಎಂದೆ. ಎಂಥ ನಾಚಿಕೆಗೆಟ್ಟ ಮಾತು! "ಒಲ್ಲೆರಿ ಸರ," ಎಂದಳು.

ಎರಡು ವಾರಕ್ಕೆ ಕ್ಯಾಂಪಿನ ಪಟ್ಟಿ ಬಂತು. ಹಳಿಯಾಳದ ಇಬ್ಬರು, ಯಲ್ಲಾಪುರದ ಒಬ್ಬಳು. ಜ್ಯೋತಿ ಪಟ್ಟಿ ನೋಡಲೂ ಬರಲಿಲ್ಲ. ಬೆಳಗಿನ ಬಸ್ಸಿಗೆ ಬರುವುದನ್ನು ಬಿಟ್ಟಳು, ತರಗತಿಗೆ ಮಾತ್ರ ಬಂದು ಬಿ.ಎ. ಮುಗಿಸಿದಳು. ಬೂಟನ್ನು ಒರೆಸಿ, ಲೇಸು ಕಟ್ಟಿ, ಕ್ರೀಡಾ ಕೋಣೆಯ ಕಪಾಟಿನಲ್ಲಿಟ್ಟು ಹೋಗಿದ್ದಳು. ಕಾಲೇಜಿನ ಬೂಟು, ಕೊಟ್ಟುಹೋಗಬೇಕಾದದ್ದೇ. ಆದರೂ ಅದನ್ನು ನಾನು ಬೇರೆ ಯಾವ ಹುಡುಗಿಗೂ ಕೊಡಲಿಲ್ಲ. ಇಡೀ ವರ್ಷ, ನಾಳೆ ಹೇಳುತ್ತೇನೆ, ನಾಡಿದ್ದು ಹೇಳುತ್ತೇನೆ ಎಂದುಕೊಂಡೆ.

ಈ ವರ್ಷದ ಆಹ್ವಾನಪತ್ರ ಬಂತು. ಕೆಳಗೆ ಅದೇ ಭೋಂಗಾದ ಸಾಲು. ಅದನ್ನು ಓದಿದ ಮೇಲೆ ಕೂತಲ್ಲಿ ಕೂಡಲಾಗಲಿಲ್ಲ. ಭಾನುವಾರ ಬೆಳಿಗ್ಗೆ ಗಾಡಿ ಹತ್ತಿ ಮಳಗಿಗೆ ಹೋದೆ.

ಜ್ಯೋತಿ ಕಣದಲ್ಲಿ ಗೋವಿನಜೋಳ ಹರವುತ್ತಿದ್ದಳು. ನನ್ನನ್ನು ಕಂಡು ಸೆರಗಿನಿಂದ ಕೈ ಒರೆಸಿಕೊಂಡು, "ಬರ್ರಿ ಸರ," ಎಂದು ನಕ್ಕಳು. ಅವಳವ್ವ ಶಂಕ್ರೆವ್ವ ಕುರ್ಚಿ ತಂದಿಟ್ಟು ಚಹಾ ಮಾಡಲು ಒಳಗೆ ಹೋದಳು. ನಾನು ಕೂಡಲಿಲ್ಲ.

"ಜ್ಯೋತಿ, ಅವತ್ತ ನಾ ನಿಮಗ ಭೋಂಗಾದ್ದು ಹೇಳಿದ್ದಿಲ್ಲ."

"ಗೊತ್ತೈತ್ರಿ ಸರ."

"ಮತ್ತ ಯಾಕ ಹೇಳ್ಯಾರ ಅಂದಿ?"

ಆಕೆ ಬಗ್ಗಿ ಕಾಳಿನಲ್ಲಿದ್ದ ಒಂದು ದಂಟು ಆರಿಸಿ ಆಚೆ ಎಸೆದಳು.

"ಅಷ್ಟ ಮಂದಿ ಮುಂದ ನಿಮ್ಮನ್ನ ಹೆಂಗ ಸುಳ್ಳ ಮಾಡ್ಲೆರಿ? ಮೂರು ವರ್ಷ ಕಲಿಸೀರಿ. ನಾ ಹಂಗ ಅಂದ ಮ್ಯಾಲ ನೀವ, 'ಇಲ್ಲ, ಹುಡುಗಿದು ತಪ್ಪಿಲ್ಲ' ಅಂತೀರಿ ಅಂತ ಮಾಡಿದ್ದೆ. ಕ್ರೂಸರ್ ಹತ್ತೂ ತನಕಾನೂ ಕಾದೆರಿ."

ಇಷ್ಟು ದಿನ, ಆಕೆ ನನ್ನ ಮಾನ ಉಳಿಸಿದಳು ಎಂದುಕೊಂಡಿದ್ದೆ. ಆಕೆ ನನಗೊಂದು ಅವಕಾಶ ಕೊಟ್ಟಿದ್ದಳು. ಅದನ್ನೂ ನಾನು ಬಿಟ್ಟುಕೊಟ್ಟಿದ್ದೆ.

"ಈ ಸಲ ದಾಂಡೇಲಿಯಾಗ ಎಲ್ಲಾರ ಮುಂದ ಹೇಳ್ತೇನಿ. ಮೇಡಂ ಕೈಕಾಲು ಹಿಡಿತೇನಿ," ಎಂದೆ.

"ಹೇಳ್ರಿ. ಆದ್ರ ನನ್ನ ಸಲುವಾಗಿ ಬ್ಯಾಡ್ರಿ ಸರ. ನನ್ನ ವರ್ಷ ಹೋತು." ಆಮೇಲೆ, ನನಗೆ ಬೇಜಾರಾಗಬಾರದೆಂದೋ ಏನೋ, "ಕೂಡ್ರಿ, ಅವ್ವ ಚಹಾ ತರಾಕತ್ತಾಳ," ಎಂದಳು.

ಮೊನ್ನೆ ದಾಂಡೇಲಿಗೆ ಹೋದವನು ಮೊದಲು ಮಾಡಿದ್ದು ಅದನ್ನೇ. ಮೇಜಿನ ಮುಂದೆ ನಿಂತು, ಗೂಳಪ್ಪ, ಬಸಲಿಂಗಯ್ಯ ಎಲ್ಲರೂ ಕೇಳುವ ಹಾಗೆ ಹೇಳಿದೆ: ನಾನು ಮರೆತಿದ್ದೆ, ಆಮೇಲೆ ಸುಳ್ಳು ಹೇಳಿದೆ, ಹುಡುಗಿಯದು ಏನೂ ತಪ್ಪಿರಲಿಲ್ಲ. ಯಾರೂ ನಗಲಿಲ್ಲ. ನಗುತ್ತಾರೆಂದು ಹೆದರಿ ಒಬ್ಬಳ ಬದುಕಿನ ದಾರಿ ಮುಚ್ಚಿದ್ದೆನಲ್ಲ, ಒಬ್ಬರೂ ನಗಲಿಲ್ಲ. ಮಹಾಬಳೇಶ್ವರ ಸರ್ ಕನ್ನಡಕ ತೆಗೆದು ಒರೆಸಿಕೊಳ್ಳುತ್ತ ಕೂತರು. ವಿದ್ಯಾವತಿ ಮೇಡಂ ಪುಸ್ತಕ ಮುಚ್ಚಿ, "ಹ್ವಾದ ವರ್ಷದ ಪಟ್ಟಿಗೆ ಈ ವರ್ಷ ಹೆಸರ ಬರಿಯಾಕ ಬರೂದಿಲ್ರಿ ಸರ," ಎಂದರು.

ನಮ್ಮ ಆಟ ಒಂದೂವರೆಗೆ ಇತ್ತು. ಹೊಸ ಹುಡುಗಿಯರನ್ನು ಸಾಲಾಗಿ ನಿಲ್ಲಿಸಿ, ಚಿಮಣಿಯ ಕಡೆ ಕೈ ಮಾಡಿ, ಒಂದಲ್ಲ ಮೂರು ಸಲ ಹೇಳಿದೆ: "ಎರಡಕ್ಕ ಭೋಂಗಾ ಆಗತೈತಿ. ಯಾರೂ ನಿಂದ್ರಬ್ಯಾಡ್ರಿ."

ಎರಡು ಗಂಟೆಗೆ ಅದು ಕೂಗಿತು. ಹುಟ್ಟಿದಾಗಿನಿಂದ ಕೇಳಿರದಿದ್ದ ಆ ಸದ್ದು ಈ ಸಲ ನನ್ನ ಎದೆಗೇ ಬಂದು ಹೊಡೆಯಿತು. ಅಂಗಳದಲ್ಲಿ ಹುಡುಗಿಯರು ಒಬ್ಬರೂ ನಿಲ್ಲದೆ ಆಡುತ್ತಿದ್ದರು. ಕುರ್ಚಿ ಬಿಟ್ಟು ಬೆಚ್ಚಿ ಎದ್ದು ನಿಂತವನು ನಾನೊಬ್ಬನೇ.