ಕೊಸರಿಗೆ ಕ್ರಯವಿಲ್ಲ

ಕಡಬದ ಕೃಷ್ಣಮೋಹನರ ತರಕಾರಿ ಅಂಗಡಿಯಲ್ಲಿ ನಮ್ಮ ಬಿಲ್ಲು ಮಾಡುವ ಮೆಷಿನು ಜೈನಬಮ್ಮನನ್ನು ಕಳ್ಳಿ ಎಂದು ಕೂಗಿದಾಗ ನಾನು ಪಕ್ಕದಲ್ಲೇ ಇದ್ದೆ. ಅದರ ಕಾಗದದ ಸುರುಳಿ ಬದಲಿಸಲು ಹೋಗಿದ್ದೆ.

ಕಳ್ಳಿ ಎಂಬ ಶಬ್ದವನ್ನು ಅದು ಹೇಳಲಿಲ್ಲ, ನಿಜ. "ಬಿಲ್ಲಿಗೆ ಸೇರದ ವಸ್ತು ಚೀಲದಲ್ಲಿದೆ. ದಯವಿಟ್ಟು ಹೊರಗೆ ತೆಗೆಯಿರಿ" ಎಂದಿತು, ಬಹಳ ನಯವಾಗಿ. ಮೇಲಿನ ಕೆಂಪು ದೀಪ ಹೊತ್ತಿಕೊಂಡಿತು. ಹಿಂದೆ ನಿಂತವರೆಲ್ಲ ಕತ್ತು ಉದ್ದ ಮಾಡಿದರು.

ಜೈನಬಮ್ಮ ಚೀಲವನ್ನು ಅಲ್ಲೇ ಬೋರಲು ಹಾಕಿದರು. ಬದನೆ ಉರುಳಿತು, ತೊಂಡೆಕಾಯಿ ಚೆಲ್ಲಿತು. ಕೊನೆಗೆ ಬಿದ್ದದ್ದು ಒಂದು ಹಿಡಿ ಕಾಯಿಮೆಣಸು, ಎರಡು ಗೆಲ್ಲು ಕರಿಬೇವು.

"ನೋಡಿ, ಎಲ್ಲರೂ ನೋಡಿ! ನಾನು ಕದ್ದದ್ದು ಇದು. ಈ ಅಂಗಡಿಗೆ ಹಂಚಿನ ಮಾಡು ಹಾಕುವ ಮೊದಲೇ ನಾನು ಇಲ್ಲಿಂದ ತರಕಾರಿ ಕೊಂಡೋಗುದು. ಈ ಕೃಷ್ಣಮೋಹನರ ಅಪ್ಪ ಕೊಸರು ಹಾಕದೆ ಒಂದು ದಿನ ಕಳಿಸಿದ್ದಿಲ್ಲ!"

ಬಿದ್ದದ್ದನ್ನು ಹೆಕ್ಕಲೂ ಇಲ್ಲ, ನನ್ನ ಮುಖ ನೋಡಲೂ ಇಲ್ಲ. ಹೊರಟುಹೋದರು.

ತಪ್ಪು ಅವರದ್ದಲ್ಲ. ನಮ್ಮ ಕಡೆ ತರಕಾರಿ ಕೊಂಡರೆ ಮೇಲಿಂದ ಒಂದು ಹಿಡಿ ಏನಾದರೂ ಪುಕ್ಕಟೆ ಬೀಳಲೇಬೇಕು, ಅದೇ ಕೊಸರು. ಮೊದಲು ಕೃಷ್ಣಮೋಹನರೇ ಹಾಕುತ್ತಿದ್ದರು. ನಾನೂ ನನ್ನ ಅಣ್ಣನ ಮಗಳು ಮೋಕ್ಷಿತಾಳೂ ಸೇರಿ ಈ ಮೆಷಿನು ತಂದಿಟ್ಟ ಮೇಲೆ ಗಿರಾಕಿಯೇ ತೂಗಿ, ಚಿತ್ರ ಒತ್ತಿ, ದುಡ್ಡು ಕೊಟ್ಟು ಹೋಗುವ ಕ್ರಮವಾಯಿತು. ಹಾಗಾಗಿ ಕೊಸರನ್ನೂ ಅವರೇ ತೆಗೆದುಕೊಂಡರು. ಆದರೆ ಚೀಲ ಇಡುವ ಜಾಗದ ಅಡಿಯಲ್ಲಿ ಒಂದು ತಕ್ಕಡಿ ಉಂಟು. ಬಿಲ್ಲಿಗಿಂತ ಚೀಲ ಭಾರವಾದರೆ ಅದು ಬೊಬ್ಬೆ ಹಾಕುತ್ತದೆ. ಇಷ್ಟು ದಿನ ಅದನ್ನು ಒಂದು ಹಿಡಿ ಹೆಚ್ಚಾದರೂ ಕೂಗದಷ್ಟು ಸಡಿಲ ಬಿಟ್ಟಿದ್ದರು. ಆ ವಾರವಷ್ಟೇ ಪ್ರೋಗ್ರಾಮಿನ ಕಂಪೆನಿಯವರು ಮಂಗಳೂರಿನಲ್ಲಿ ಕೂತಲ್ಲಿಂದಲೇ ಬಿಗಿ ಮಾಡಿದ್ದರು.

"ಪೂವಕ್ಕ, ಜೈನಬಮ್ಮ ಬರುದಿಲ್ಲ ಅಂದ್ರೆ ಆ ಓಣಿಯೇ ಬರುದಿಲ್ಲ" ಎಂದರು ಕೃಷ್ಣಮೋಹನರು, ಬದನೆ ಹೆಕ್ಕುತ್ತಾ.

"ಓಣಿ ಬಿಡಿ. ಒಬ್ಬ ಹೆಂಗಸಿನ ಮಾನ ಹೋಯ್ತು. ತೆಗೆದದ್ದು ನನ್ನ ಮೆಷಿನು."

ಅಲ್ಲಿಂದಲೇ ಕಂಪೆನಿಯ ಯತಿನ್‌ಗೆ ಫೋನು ಮಾಡಿದೆ. ಮೆಷಿನಿನ ಪೆಟ್ಟಿಗೆ ನಮ್ಮ ದುಡ್ಡಿನದ್ದು, ಒಳಗಿನ ಪ್ರೋಗ್ರಾಮು ಅವನ ಕಂಪೆನಿಯದ್ದು.

"ಮೇಡಂ, ಮೆಷಿನು ಸರಿಯಾಗಿಯೇ ಕೆಲಸ ಮಾಡಿದೆ. ಗಿರಾಕಿಗಳಿಗೆ ನೀವು ಅಭ್ಯಾಸ ಮಾಡಿಸಬೇಕು. ಕರಿಬೇವಿಗೂ ಒಂದು ರೇಟು ಹಾಕಿಬಿಡಿ."

"ಕ್ರಯ ಹಾಕಿದ ಮೇಲೆ ಅದು ಕೊಸರು ಹೇಗಾಗ್ತದೆ ಮಾರಾಯ?"

"ಹಾಗಾದ್ರೆ ಕೊಡಬೇಡಿ."

"ಕೊಡದೆ ಕಡಬದಲ್ಲಿ ತರಕಾರಿ ಮಾರಿ ತೋರಿಸು, ನೋಡುವ."

ಅವನು ನಗಲಿಲ್ಲ. ಸೆಟ್ಟಿಂಗ್ ಮುಟ್ಟಿದರೆ ಕರಾರು ಮುರಿದಂತೆ. ನಮ್ಮ ಪೆಟ್ಟಿಗೆಗಳಿರುವ ಕಡಬ, ಪುತ್ತೂರು, ಸುಳ್ಯ ಮೂರೂ ಕಡೆ ಪ್ರೋಗ್ರಾಮು ಬಂದ್ ಎಂದ. ಹೆದರಿಕೆ ಆಗಲಿಲ್ಲ ಎಂದರೆ ಸುಳ್ಳಾದೀತು. ಆ ಮೂರು ಪೆಟ್ಟಿಗೆ ಬಿಟ್ಟರೆ ನಮಗೆ ಬೇರೆ ವ್ಯಾಪಾರವಿರಲಿಲ್ಲ.

ಮೋಕ್ಷಿತಾ ಹೇಳಿದಳು: "ಅತ್ತೆ, ಕೊಸರು ಅಂತ ಒಂದು ಬಟನ್ ಮಾಡಿ ಸೊನ್ನೆ ರೂಪಾಯಿ ಹಾಕ್ಬಹುದು. ಆಗ ಅದರ ತೂಕವೂ ಬಿಲ್ಲಿಗೆ ಸೇರ್ತದೆ, ಬೊಬ್ಬೆ ಇಲ್ಲ. ಆದ್ರೆ ಕಂಪೆನಿಯವರಿಗೆ ಕೂಡ್ಲೇ ಗೊತ್ತಾಗ್ತದೆ."

"ಗೊತ್ತಾಗ್ಲಿ. ಕದ್ದು ಮಾಡುದಲ್ಲವಲ್ಲ."

ಬಟನ್ ಆಯಿತು. ಅದರ ಮೇಲೆ ಕರಿಬೇವಿನ ಚಿತ್ರ. ನಾನು ಜೈನಬಮ್ಮನ ಮನೆಗೆ ಹೋದೆ. ಜಗಲಿಯಲ್ಲಿ ಕೂರಿಸಿ ಚಾ ಕೊಟ್ಟರು. ಲೋಟ ಖಾಲಿಯಾದ ಮೇಲೆ, "ನೀವು ಬಂದು ಎಂತ ಪ್ರಯೋಜನ ಪೂವಕ್ಕ? ಕೂಗಿದ್ದು ಅದು. ಹತ್ತು ಜನರ ಎದುರು ಕೂಗಿತು, ಹತ್ತು ಜನರ ಎದುರೇ ಸುಮ್ಮನಾಗ್ಬೇಕು" ಎಂದರು.

"ಆಗ್ತದೆ. ಬನ್ನಿ."

ಮರುದಿನ ಜನ ತುಂಬಿದ ಹೊತ್ತು ನೋಡಿಯೇ ಬಂದರು. ಅಲಸಂಡೆ ತೂಗಿದರು, ಸೌತೆ ತೂಗಿದರು. ಚೀಲಕ್ಕೆ ಒಂದು ಹಿಡಿ ಕಾಯಿಮೆಣಸು ಹಾಕುವ ಮೊದಲು ನನ್ನನ್ನು ನೋಡಿದರು. ನಾನು ಬಟನ್ ಒತ್ತಿದೆ. ದೀಪ ಹೊತ್ತಲಿಲ್ಲ. ಬಿಲ್ಲಿನ ಕೊನೆಯ ಸಾಲಿನಲ್ಲಿ ಕೊಸರು, ಸೊನ್ನೆ ಎಂದು ಬಂತು. ಕೃಷ್ಣಮೋಹನರು ಅದನ್ನು ಎಲ್ಲರಿಗೂ ಕೇಳುವಂತೆ ಓದಿದರು.

"ಇನ್ನೊಂದು ಗೆಲ್ಲು ಹಾಕ್ಲಾ?" ಎಂದರು ಜೈನಬಮ್ಮ ಮೆಷಿನಿಗೆ. "ಈಗ ಎಂತ, ಬಾಯಿ ಬಿದ್ದು ಹೋಯ್ತಾ ನಿಂಗೆ?"

ಸಾಲಿಗೆ ಸಾಲೇ ನಕ್ಕಿತು. ಅಷ್ಟರಲ್ಲಿ ನನ್ನ ಫೋನು ಹೊಡೆದುಕೊಂಡಿತು. ಯತಿನ್.

"ಮೇಡಂ, ಆ ಬಟನ್ ಈಗಲೇ ತೆಗೀರಿ. ಇಲ್ಲದಿದ್ರೆ ನಾನು ಬಂದ್ ಮಾಡ್ಬೇಕಾಗ್ತದೆ."

ಎದುರಿಗೆ ಜೈನಬಮ್ಮ ಚೀಲ ಹಿಡಿದು ನಿಂತಿದ್ದರು. ಅವರ ಮುಂದೆ ಆ ಬಟನ್ ತೆಗೆಯುವುದೆಂದರೆ ಕಳ್ಳಿ ಎಂದು ಇನ್ನೊಮ್ಮೆ ಹೇಳಿದ ಹಾಗೆ, ಈ ಸಲ ನನ್ನ ಬಾಯಿಂದಲೇ.

"ಬಂದ್ ಮಾಡು" ಎಂದೆ. "ಪ್ರೋಗ್ರಾಮು ನಿನ್ನದು, ಕೊಂಡೋಗು. ಪೆಟ್ಟಿಗೆ ನನ್ನದು, ಗಿರಾಕಿ ನಮ್ಮವರು."

"ನಾಳೆ ಯಾರಾದ್ರೂ ನಿಜವಾಗಿ ಕದ್ರೆ?"

"ಕೃಷ್ಣಮೋಹನರಿಗೆ ಎರಡು ಕಣ್ಣು ಉಂಟು."

ಪರದೆ ಕಪ್ಪಾಯಿತು. ಕೃಷ್ಣಮೋಹನರು ಒಳಗೆ ಹೋಗಿ ಹಳೆಯ ತಕ್ಕಡಿ ಹೊತ್ತು ತಂದು ಮೆಷಿನಿನ ಪಕ್ಕ ಇಟ್ಟು, ಪಂಚೆಯ ತುದಿಯಿಂದ ಒರೆಸಿ, "ಹ್ಞಾಂ, ಮುಂದಿನವರು ಬನ್ನಿ" ಎಂದರು.

ನಷ್ಟ ಆಗಲಿಲ್ಲವೆಂದಲ್ಲ. ಸುಳ್ಯದ ಅಂಗಡಿಯವರು ನಮ್ಮ ಪೆಟ್ಟಿಗೆ ವಾಪಸು ಕಳಿಸಿ ಕಂಪೆನಿಯದ್ದನ್ನೇ ಇಟ್ಟುಕೊಂಡರು. ಅಲ್ಲಿ ಬಸ್ಸಿನಿಂದ ಇಳಿದರೆ ಅದರ ಕೆಂಪು ದೀಪ ನನಗೆ ಕಾಣುತ್ತದೆ. ಪುತ್ತೂರಿನವರು, "ನೋಡುವ ಪೂವಕ್ಕ" ಎಂದು ಕಾದರು. ಮೋಕ್ಷಿತಾ ತನ್ನ ಜೊತೆ ಕಲಿತವರನ್ನು ಹಿಡಿದು ನಮ್ಮದೇ ಪ್ರೋಗ್ರಾಮು ಬರೆಸುವಷ್ಟರಲ್ಲಿ ಮಳೆಗಾಲದ ಆಟಿ ತಿಂಗಳು ಕಳೆದಿತ್ತು. ಅಷ್ಟು ದಿನ ಎರಡೂ ಅಂಗಡಿಯಲ್ಲಿ ಪೆಟ್ಟಿಗೆ ಸುಮ್ಮನೆ ನಿಂತಿತ್ತು. ಕಡಬದಲ್ಲಿ ಅದರ ತಲೆಯ ಮೇಲೆ ಕುಂಬಳಕಾಯಿ ಇಟ್ಟಿದ್ದರು.

ಈಗ ಎರಡೂ ಓಡುತ್ತಿವೆ. ಹೊಸ ಪ್ರೋಗ್ರಾಮಿನಲ್ಲಿ ಬೊಬ್ಬೆ ಇಲ್ಲ, ಕೆಂಪು ದೀಪದ ವಯರು ನಾನೇ ಕತ್ತರಿಸಿದೆ. ಕೊಸರಿನ ಬಟನ್ ಮಾತ್ರ ಉಳಿಸಿದ್ದೇವೆ, ಎಲ್ಲಕ್ಕಿಂತ ದೊಡ್ಡದಾಗಿ.

ಜೈನಬಮ್ಮ ಅದನ್ನು ಒಂದು ದಿನವೂ ಒತ್ತುವುದಿಲ್ಲ. ಕರಿಬೇವು ಮುರಿದು ಚೀಲಕ್ಕೆ ತುರುಕಿ ಹೊರಡುತ್ತಾರೆ. "ಒತ್ತಿ ಮಾರಾಯ್ತಿ, ಅದಕ್ಕಾಗಿ ಇಷ್ಟೆಲ್ಲ ಆಯ್ತು" ಎಂದರೆ, ನನ್ನನ್ನೇ ಗದರಿಸುತ್ತಾರೆ.

"ಕೊಸರನ್ನು ಪೆಟ್ಟಿಗೆಯ ಹತ್ರ ಕೇಳಿ ತಗೊಳ್ಳುದಾ?"