ಇನ್ಸ್‌ಪೆಕ್ಟರಣ್ಣನ ಅಂಗಿ

"ಯಾಕೆ ಹೋಗ್ತಿಲ್ಲ ಇದು?"

ಬಚ್ಚಲಲ್ಲಿ ನಾನೊಬ್ಬಳೇ. ಕೈಯಲ್ಲಿ ಪೊಲೀಸ್ ಅಂಗಿ. ಒಂಬತ್ತು ವರ್ಷದಿಂದ ಈ ಧಾರಾವಾಹಿಯ ಬಟ್ಟೆ ಹೊಲಿಯುವವಳು, ಒಗೆಯುವವಳು ನಾನು. ಇಲ್ಲಿಯ ರಕ್ತ ಸಕ್ಕರೆ ಪಾಕಕ್ಕೆ ಬಣ್ಣ ಕಲಸಿದ್ದು. ಬಿಸಿನೀರು ಹೊಯ್ದರೆ ಬಿಟ್ಟುಕೊಳ್ಳುತ್ತದೆ. ಅದೇ ರೂಢಿಯಲ್ಲಿ ಇವತ್ತೂ ಕುದಿನೀರು ಹೊಯ್ದುಬಿಟ್ಟೆ. ನಿಜವಾದ ರಕ್ತ ಬೆಂದು ನೂಲಿಗೆ ಕಚ್ಚಿಕೊಂಡಿತು.

ನನ್ನ ತಮ್ಮನ ರಕ್ತ.

ತಮ್ಮ ಸೆಟ್ಟಿನ ಬಡಗಿ. ಇನ್ಸ್‌ಪೆಕ್ಟರ್ ಒದ್ದು ಮುರಿಯುವ ಬಾಗಿಲುಗಳೆಲ್ಲ ಅವನ ಕೈಯವು. "ನೀನೇನು ಶೂರ ಬಿಡಣ್ಣಾ, ಮೊಳೆ ಕಮ್ಮಿ ಹೊಡೆದ ನಾನು ಶೂರ" ಎಂದು ಆ ಪಾತ್ರದ ನಟನನ್ನು ರೇಗಿಸುತ್ತಿದ್ದ. ನಟ ನಗುತ್ತಿದ್ದ. ಮೊದಲೆಲ್ಲ ಹೆಣವಾಗಿ, ಕಾವಲುಗಾರನಾಗಿ ನಟಿಸಿಕೊಂಡಿದ್ದವನು. ಈ ಅಂಗಿ ತೊಟ್ಟಮೇಲೆ ಮನೆಮನೆಗೂ ಅಣ್ಣನಾದ. "ಹೆದರಬೇಡಿ, ನಾನಿದ್ದೀನಿ" ಎಂದು ಅವನು ಹೇಳಿದರೆ ಅಳುವ ಮಕ್ಕಳೂ ಸುಮ್ಮನಾಗುತ್ತಿದ್ದವು. ಅಂಗಿ ಕಳಚಿ ಬೇರೆ ಪಾತ್ರ ಮಾಡಿದಾಗ ಯಾರೂ ತಿರುಗಿ ನೋಡಲಿಲ್ಲ.

ಮೊನ್ನೆ ಅಟ್ಟಣಿಗೆ ಕುಸಿದು ಒಬ್ಬ ಬಡಗಿ ಸತ್ತ. ಸ್ಟುಡಿಯೋ ಯಜಮಾನರು ಹೆಣವನ್ನು ಗೇಟಿನಾಚೆ ಹಾಕಿಸಿ, "ಕುಡಿದು ಬೀದೀಲಿ ಬಿದ್ದ" ಎಂದರು. ಬಡಗಿಗಳು ಸುತ್ತಿಗೆ ಹಿಡಿದು ಹೊರಗೆ ಗೇಟಿಗೆ ಅಡ್ಡ ಕೂತರು.

"ಒಳಗೇ ಸತ್ತ ಅಂತ ಯಜಮಾನ್ರು ಬಂದು ಒಪ್ಕೊಳ್ಳಲಿ. ಅಷ್ಟೇ."

ಇವತ್ತು ಬೆಳಿಗ್ಗೆ ಯಜಮಾನರು ನಟನನ್ನು ಕಳಿಸಿದರು. ಅಂಗಿ ಇಸ್ತ್ರಿ ಮಾಡಿಕೊಟ್ಟವಳು ನಾನೇ.

"ಸುತ್ತಿಗೆ ಕೆಳಗಿಡ್ರಪ್ಪಾ. ಯಜಮಾನ್ರು ಬರ್ತಾರೆ. ಹೆದರಬೇಡಿ, ನಾನಿದ್ದೀನಿ."

ಇಟ್ಟರು. ಆ ಅಂಗಿ ಅಕ್ಕ ಹೊಲಿದದ್ದು, ಅವನು ಒದ್ದು ಮುರಿಯುವ ಬಾಗಿಲು ತಾನು ಮಾಡಿದ್ದು ಎಂದು ಬಲ್ಲ ನನ್ನ ತಮ್ಮನೇ ಮೊದಲು ಇಟ್ಟ.

ಗೇಟು ತೆರೆಯಿತು. ಯಜಮಾನರು ಬರಲಿಲ್ಲ. ಕಬ್ಬಿಣದ ಸಲಾಕೆ ಹಿಡಿದ ಬಾಡಿಗೆಯ ಜನ ನುಗ್ಗಿದರು. ಒಬ್ಬನ ಮೊಣಕಾಲ ಚಿಪ್ಪು ಒಡೆಯಿತು. ಇನ್ನೊಬ್ಬನ ಹಲ್ಲು ನೆಲಕ್ಕೆ ಚೆಲ್ಲಿದವು. ತಮ್ಮನ ಬಲಗೈಯನ್ನು ಗೇಟಿನ ಮೆಟ್ಟಿಲ ಮೇಲಿಟ್ಟು ಒಂದೊಂದೇ ಬೆರಳು ಜಜ್ಜಿದರು. ಆ ಕೈಯನ್ನೇ ಅವನು ನಟನ ಎದೆಗೆ ಒತ್ತಿದ.

"ಅಣ್ಣಾ, ನೀನಿದ್ದೀಯಲ್ಲಾ!"

ನಟನಿಗೆ ಮುಂದಿನ ಮಾತು ಯಾರೂ ಬರೆದುಕೊಟ್ಟಿರಲಿಲ್ಲ. ಉಳಿದ ಬಡಗಿಗಳು ತಮ್ಮನನ್ನು ಆಸ್ಪತ್ರೆಗೆ ಹೊತ್ತೊಯ್ದರು. ಯಜಮಾನರ ಕಡೆಯವರು ನನ್ನನ್ನು ಗೇಟು ದಾಟಲು ಬಿಡಲಿಲ್ಲ. "ಮೊದಲು ಅಂಗಿ ಒಗಿ" ಎಂದರು.

ಉಜ್ಜುತ್ತಲೇ ಇದ್ದೆ. ಬಾಗಿಲಲ್ಲಿ ಯಜಮಾನರು ಬಂದು ನಿಂತರು. ಹಿಂದೆ ನಟ.

"ಲೈಟಿನವರು, ಮೇಕಪ್ಪಿನವರು, ಎಲ್ಲಾ ಗೇಟಿಗೆ ಹೋಗಿ ಕೂತ್ಕೊಂಡಿದ್ದಾರೆ. ಹೋಗಿ ಇನ್ನೊಂದ್ಸಲ ಅದೇ ಮಾತು ಹೇಳು."

"ಈ ಸಲ ನನ್ನ ನಂಬಲ್ಲ ಯಜಮಾನ್ರೇ."

"ನಿನ್ನ ಯಾರಯ್ಯಾ ನಂಬಿದ್ದು? ಅಂಗೀನ ನಂಬ್ತಾರೆ. ನೀನಾಗಲ್ಲ ಅಂದ್ರೆ ಬೇರೆ ಯಾರಿಗಾದ್ರೂ ತೊಡಿಸ್ತೀನಿ. ಮತ್ತೆ ಹೆಣ ಆಗಿ ಮಲಕ್ಕೋ ಹೋಗು."

ಗೋಡೆಯ ಕೊಕ್ಕೆಯಲ್ಲಿ ಅಂಥದೇ ಇನ್ನೊಂದು ಪೊಲೀಸ್ ಅಂಗಿ ಗರಿಗರಿಯಾಗಿ ತೂಗುತ್ತಿತ್ತು. ನಟನ ಕಣ್ಣು ಅಲ್ಲಿಗೆ ಹೋಯಿತು. ನಾನು ಎದ್ದು ಆ ಕೊಕ್ಕೆಗೆ ಬೆನ್ನು ಕೊಟ್ಟು ನಿಂತೆ. ಒದ್ದೆ ಅಂಗಿ ಕೈಯಲ್ಲೇ ಇತ್ತು, ಕಲೆ ಅವನ ಕಡೆಗೆ. ಹೊರಗೆ ಗೇಟಿನ ಮೇಲೆ ಸುತ್ತಿಗೆಗಳು ಬೀಳತೊಡಗಿದವು. ಮೊದಲು ಒಂದು. ಆಮೇಲೆ ಲೆಕ್ಕ ಸಿಗಲಿಲ್ಲ.

ನಟ ನನ್ನೆದುರು ಕೈಯೊಡ್ಡಿದ. ಪಾತ್ರದ ದನಿಯಲ್ಲ, ಅವನದೇ ದನಿ.

"ಅಕ್ಕಾ, ನನಗೆ ಬೇರೇನೂ ಬರಲ್ಲ. ಆ ಅಂಗಿ ಕೊಡಕ್ಕಾ."

"ಕೊಡಲ್ಲ" ಎಂದೆ.